ಪರದೆಯ ಎಡಮೂಲೆಯ ಪೆಟ್ಟಿಗೆ

ನೂರ್ ಅಹ್ಮದ್ ಯಲ್ಲಾಪುರದ ಲಾರಿ ಡ್ರೈವರು. ಹುಬ್ಬಳ್ಳಿಗೂ ಅಂಕೋಲೆಗೂ ನಡುವೆ ಅರಬೈಲ್ ಘಟ್ಟ ಹತ್ತಿ ಇಳಿಯುವುದರಲ್ಲೇ ಅವರ ಆಯುಷ್ಯದ ಬಹುಪಾಲು ಕಳೆದಿತ್ತು. ಅವರಿಗೆ ಇಬ್ಬರು ಮಕ್ಕಳು. ದೊಡ್ಡವಳು ಸನಾ, ಪೇಟೆಯ ಕಂಪ್ಯೂಟರ್ ಕ್ಲಾಸಿನಲ್ಲಿ ಟೈಪಿಂಗ್ ಮತ್ತು ಲೆಕ್ಕಪತ್ರ ಬರೆಯುವ ಟ್ಯಾಲಿ ಕಲಿಸುತ್ತಿದ್ದಳು. ಚಿಕ್ಕವನು ಫೈಜಲ್. ನಾಲ್ಕು ವರ್ಷದವನಿದ್ದಾಗ ಅವನಿಗೆ ಮಿದುಳು ಜ್ವರ ಬಂತು. ಜೀವ ಉಳಿಯಿತು, ಕಿವಿ ಉಳಿಯಲಿಲ್ಲ. ಅಷ್ಟರೊಳಗೆ ಕಲಿತಿದ್ದ ಚೂರುಪಾರು ಮಾತೂ ನಾಲಿಗೆಯಿಂದ ಜಾರಿಹೋಯಿತು.

ಕಿವುಡ ಮಕ್ಕಳ ಶಾಲೆಯಲ್ಲಿ ಕೆಲವು ವರ್ಷ ಓದಿ ಬಂದ ಫೈಜಲ್‌ಗೆ ವಿಘ್ನೇಶ್ವರ ತಮ್ಮ ಫೋಟೋ ಸ್ಟುಡಿಯೋದಲ್ಲಿ ಕೆಲಸ ಕೊಟ್ಟಿದ್ದರು. ಮದುವೆಯ ವಿಡಿಯೋಗಳನ್ನು ಕತ್ತರಿಸಿ ಜೋಡಿಸುವ ಮಿಕ್ಸಿಂಗ್ ಕೆಲಸ. ಹಾಡು ಕೂರಿಸುವುದೊಂದನ್ನು ವಿಘ್ನೇಶ್ವರ ತಾವೇ ಮಾಡಿಕೊಳ್ಳುತ್ತಿದ್ದರು, ಉಳಿದದ್ದೆಲ್ಲ ಅವನದೇ. ಯಾವ ಹೆಂಗಸು ಧಾರೆಯ ಹೊತ್ತಿಗೆ ಸೆರಗಿನಲ್ಲಿ ಕಣ್ಣೊರೆಸಿಕೊಂಡಳು, ಯಾವ ಮುದುಕ ಊಟದ ಪಂಕ್ತಿಯಲ್ಲಿ ಕೂತಲ್ಲೇ ತೂಕಡಿಸಿದ, ಅವನ ಕಣ್ಣು ಯಾವುದನ್ನೂ ಬಿಡುತ್ತಿರಲಿಲ್ಲ. ಕೆಲಸ ಮನೆಯಲ್ಲೇ ಮಾಡಲಿ ಎಂದು ಅಬ್ಬಾ ಒಂದು ಒಳ್ಳೆಯ ಕಂಪ್ಯೂಟರ್ ಹಾಕಿಸಿಕೊಟ್ಟರು. ಸಿರ್ಸಿಯ ದೇವಿಕೆರೆಯ ಹತ್ತಿರ ಅಂಗಡಿ ಇಟ್ಟಿದ್ದ ತುಷಾರ ಅದನ್ನು ಜೋಡಿಸಿದವನು. ವಿಡಿಯೋ ಕೆಲಸಕ್ಕೆ ಬೇಕೇ ಬೇಕು ಎಂದು ಅದರಲ್ಲಿ ದೊಡ್ಡ ಗ್ರಾಫಿಕ್ಸ್ ಕಾರ್ಡ್ ಕೂರಿಸಿದ್ದ. ಅಂಥ ಕಾರ್ಡ್ ಇದ್ದ ಮೇಲೆ ಆಟಗಳೂ ಚೆನ್ನಾಗಿ ಓಡುತ್ತವೆ. ಟೆಲಿಫೋನ್ ಇಲಾಖೆಯ ಬ್ರಾಡ್‌ಬ್ಯಾಂಡ್ ಮನೆಗೆ ಬಂದ ಮೇಲೆ ಫೈಜಲ್ ಸಂಜೆಯ ಹೊತ್ತು ಒಂದು ಯುದ್ಧದ ಆಟ ಆಡತೊಡಗಿದ.

ಪಾಳುಬಿದ್ದ ಒಂದು ಊರು, ಐದು ಜನರ ಒಂದು ಗುಂಪು, ಎದುರಿಗೆ ಇನ್ನೊಂದು ಗುಂಪು. ಫೈಜಲ್‌ನ ಗುಂಪಿನ ನಾಲ್ವರೂ ಬೇರೆ ಬೇರೆ ಊರಿನವರು, ಒಬ್ಬ ನಾಗಪುರದವನು, ಇಬ್ಬರು ಕೊಲ್ಲಾಪುರದವರು, ಒಬ್ಬ ಎಲ್ಲಿಯವನೆಂದು ಹೇಳಿರಲಿಲ್ಲ. ಯಾರ ಮುಖವನ್ನೂ ಯಾರೂ ನೋಡಿದವರಲ್ಲ. ಅವರೆಲ್ಲ ಒಂದು ಸಣ್ಣ ಪ್ರೋಗ್ರಾಮ್ ಹಾಕಿಕೊಂಡಿದ್ದರು. ಅದು ಆಟ ನಡೆಯುತ್ತಿರುವಾಗಲೇ ಪರದೆಯ ಎಡಮೂಲೆಯಲ್ಲಿ, ಆಟದ ಚಿತ್ರದ ಮೇಲೆ, ಗಾಜಿನಂಥ ಒಂದು ಪೆಟ್ಟಿಗೆ ತೆರೆಯುತ್ತಿತ್ತು. ಓವರ್‌ಲೇ ಎಂದು ಅದರ ಹೆಸರು. ಅದರಲ್ಲಿ ಒಬ್ಬರು ಬರೆದದ್ದು ಉಳಿದ ನಾಲ್ವರಿಗೆ ಕಾಣುತ್ತಿತ್ತು. ಹಿಂದಿ ಮಾತನ್ನು ಇಂಗ್ಲಿಷ್ ಅಕ್ಷರದಲ್ಲಿ ಬರೆಯುವುದು. ಹಿಂದೆ ಒಬ್ಬನಿದ್ದಾನೆ, ಮೆಟ್ಟಿಲ ಹತ್ತಿರ ಬಾ, ನಿಲ್ಲು, ನನ್ನ ಅಮ್ಮ ಊಟಕ್ಕೆ ಕರೆಯುತ್ತಿದ್ದಾಳೆ. ಆಟದೊಳಗೂ ಬರೆಯಲು ಜಾಗವಿತ್ತು, ಆದರೆ ಅಲ್ಲಿ ಬರೆದದ್ದು ಎದುರಾಳಿಗಳಿಗೂ ಕಾಣುತ್ತಿತ್ತು. ಪೆಟ್ಟಿಗೆಯದು ಅವರೊಳಗಿನ ಮಾತು.

ಫೈಜಲ್ ಆ ಪೆಟ್ಟಿಗೆಯಲ್ಲಿ ವಾಚಾಳಿಯಾಗಿದ್ದ. ಹಿಂದೆ ನಿಂತು ಓದುತ್ತಿದ್ದ ಸನಾಗೆ ಅದು ಮೊದಮೊದಲು ನಂಬಲಿಕ್ಕೇ ಆಗಿರಲಿಲ್ಲ. ಮನೆಯಲ್ಲಿ ಅನ್ನ, ನೀರು, ಹೋಗ್ತೇನೆ, ಬರ್ತೇನೆ ಎಂಬ ಕೈಸನ್ನೆಗಳಲ್ಲೇ ದಿನ ಮುಗಿಸುವ ಹುಡುಗ ಅಲ್ಲಿ ಪಟಪಟನೆ ಬರೆದು ಜಗಳ ಕಾಯುತ್ತಿದ್ದ, ನಾಗಪುರದವನ ಹೇಡಿತನವನ್ನು ಹಾಸ್ಯ ಮಾಡುತ್ತಿದ್ದ, ಸೋತವರಿಗೆ ಸಮಾಧಾನ ಹೇಳುತ್ತಿದ್ದ. ಅವನಿಗೆ ಕಿವಿ ಕೇಳುವುದಿಲ್ಲ ಎಂದು ಅವರಲ್ಲಿ ಒಬ್ಬನಿಗೂ ಗೊತ್ತಿರಲಿಲ್ಲ. ಅವನು ಹೇಳಿರಲಿಲ್ಲ. ಕೇಳುವ ಸಂದರ್ಭವೂ ಬಂದಿರಲಿಲ್ಲ.

2008ರ ಮದುವೆ ಸೀಸನ್ ಶುರುವಾಗುವ ಹೊತ್ತಿಗೆ ವಿಘ್ನೇಶ್ವರ ಹುಬ್ಬಳ್ಳಿಯಿಂದ ಮಿಕ್ಸಿಂಗ್‌ನ ಹೊಸ ಪ್ರೋಗ್ರಾಮ್ ತಂದರು. ಅದರ ಜೊತೆಗೊಂದು ಸಿಡಿ ಇತ್ತು. ಗ್ರಾಫಿಕ್ಸ್ ಕಾರ್ಡಿನ ಹೊಸ ಡ್ರೈವರ್ ಅದರಲ್ಲಿದೆ, ಅದನ್ನು ಹಾಕದೆ ಹೊಸ ಪ್ರೋಗ್ರಾಮ್ ತೆರೆಯುವುದಿಲ್ಲ ಎಂದರು. ಸನಾ ಕೂತು ಎರಡನ್ನೂ ಹಾಕಿಕೊಟ್ಟಳು. ಮಿಕ್ಸಿಂಗ್ ಸೊಗಸಾಗಿ ನಡೆಯಿತು. ಅವತ್ತು ಸಂಜೆ ಫೈಜಲ್ ಆಟ ತೆರೆದ. ಪೆಟ್ಟಿಗೆ ಇರಬೇಕಾದ ಜಾಗದಲ್ಲಿ ಕಪ್ಪು ಚೌಕವೊಂದು ಪಟಪಟ ಮಿನುಗಿತು. ಆಮೇಲೆ ಆಟವೇ ಮುಚ್ಚಿಹೋಯಿತು. ಅವನು ತಿರುಗಿ ಅಕ್ಕನ ಮುಖ ನೋಡಿದ. ಸನಾ ಕೈಯಾಡಿಸಿ, ಸರಿ ಮಾಡೋಣ ಎಂದಳು.

ಸರಿ ಮಾಡೋಣ ಎಂದದ್ದು ಸುಲಭವಾಗಿತ್ತು. ಮನೆಯವರಿಗೂ ಓಣಿಯವರಿಗೂ ಅವಳು ಕಂಪ್ಯೂಟರ್ ಕಲಿಸುವ ಟೀಚರು, ಅವಳಿಗೆ ತಿಳಿಯದ್ದು ಇರಲಾರದು. ಅವಳಿಗೆ ತಿಳಿದದ್ದು ಟ್ಯಾಲಿ. ಪೆಟ್ಟಿಗೆಯ ಪ್ರೋಗ್ರಾಮನ್ನು ತೆಗೆದು ಮತ್ತೆ ಹಾಕಿದಳು. ವೈರಸ್ ಕಾಯುವ ಪ್ರೋಗ್ರಾಮನ್ನು ನಿಲ್ಲಿಸಿ ನೋಡಿದಳು. ಪರದೆಯ ಬಣ್ಣ ಕಡಿಮೆ ಮಾಡಿದಳು, ಆಟವನ್ನು ಸಣ್ಣ ಕಿಟಕಿಯಲ್ಲಿ ತೆರೆದಳು. ಕಪ್ಪು ಚೌಕ ಮಿನುಗುತ್ತಲೇ ಇತ್ತು. ಪೆಟ್ಟಿಗೆಯ ಪ್ರೋಗ್ರಾಮನ್ನು ಪೂರ್ತಿ ನಿಲ್ಲಿಸಿದರೆ ಆಟ ಯಾವ ತಕರಾರೂ ಇಲ್ಲದೆ ಓಡುತ್ತಿತ್ತು. ಆದರೆ ಫೈಜಲ್‌ಗೆ ಅಂಥ ಆಟ ಬೇಕಿರಲಿಲ್ಲ.

ಕೊನೆಗೆ ಹೊಸ ಸಿಡಿಯಿಂದ ಬಂದದ್ದನ್ನೆಲ್ಲ ಅಳಿಸಿ ಹಳೆಯ ಡ್ರೈವರ್ ಹುಡುಕಿ ಹಾಕಿದಳು. ಪೆಟ್ಟಿಗೆ ಬಂತು. ಅದರೊಳಗೆ ನಾಲ್ವರ ಹೆಸರು, ಎಲ್ಲಿ ಹೋಗಿದ್ದೆ ಎಂಬ ಪ್ರಶ್ನೆ. ಫೈಜಲ್ ಅಕ್ಕನ ಕೈ ಹಿಡಿದು ಕುಲುಕಿದ. ಮಾರನೆಯ ದಿನ ಬೆಳಿಗ್ಗೆ ಮಿಕ್ಸಿಂಗ್ ತೆರೆದರೆ, ಈ ಕಾರ್ಡ್ ನಡೆಯುವುದಿಲ್ಲ ಎಂಬ ಬರಹ ಬಂದು ನಿಂತಿತು. ಎಕ್ಕಂಬಿಯ ಮದುವೆಯೊಂದರ ವಿಡಿಯೋ ಅರ್ಧ ಆಗಿತ್ತು. ವಿಘ್ನೇಶ್ವರ ಮನೆಗೇ ಬಂದು ಬಾಗಿಲಲ್ಲಿ ನಿಂತರು. ಸಿಟ್ಟು ಮಾಡುವವರಲ್ಲ ಅವರು.

"ಸೀಸನ್‌ನಲ್ಲಿ ಕೆಲ್ಸ ನಿಲ್ಸೂಕೆ ಆಗೂದಿಲ್ಲ ಸನಾ. ಆಟ ಅಂದ್ರೆ ಆಟ ಅಲ್ವಾ, ಮಳೆಗಾಲದಲ್ಲಿ ಆಡ್ಲಿ" ಎಂದರು.

ಸನಾ ಮತ್ತೆ ಹೊಸ ಡ್ರೈವರ್ ಹಾಕಿದಳು. ಪೆಟ್ಟಿಗೆ ಮತ್ತೆ ಹೋಯಿತು.

ಆ ವಾರ ಅಬ್ಬಾ ಮನೆಗೆ ಬಂದಾಗ ಅಮ್ಮಿ ರಹಿಮತ್‌ಬಿ ಎಲ್ಲವನ್ನೂ ಹೇಳಿದಳು. ಹುಡುಗ ಸರಿಯಾಗಿ ಊಟ ಮಾಡುತ್ತಿಲ್ಲ, ಕೆಲಸ ಮುಗಿದ ಕೂಡಲೇ ಮುಸುಕು ಹಾಕಿ ಮಲಗುತ್ತಾನೆ. ಡ್ರೈವರ್ ಸರಿಯಿಲ್ಲ ಎಂದು ಸನಾ ಹೇಳಿದ್ದಕ್ಕೆ ಅಬ್ಬಾ, ಯಾವ ಡ್ರೈವರ್ ಎಂದು ಕೇಳಿದರು. ಅವಳು ವಿವರಿಸಿದಳು. ಕಾರ್ಡು ಗಾಡಿಯ ಹಾಗೆ, ಅದನ್ನು ನಡೆಸುವ ಸಣ್ಣ ಪ್ರೋಗ್ರಾಮ್ ಡ್ರೈವರಿನ ಹಾಗೆ. ಒಬ್ಬ ಬಂದರೆ ಮಿಕ್ಸಿಂಗ್ ನಡೆಯುತ್ತದೆ, ಇನ್ನೊಬ್ಬ ಬಂದರೆ ಪೆಟ್ಟಿಗೆ. ಇಬ್ಬರನ್ನೂ ಒಟ್ಟಿಗೆ ಕೂರಿಸಲು ಬರುವುದಿಲ್ಲ. ಅಬ್ಬಾಗೆ ಇದು ಅರ್ಥವಾದಂತೆ ಕಂಡಿತು. ಅವರು ಹೋಗಿ ಮಲಗಿದ್ದ ಮಗನ ಪಕ್ಕ ಕೂತು ಅವನ ಕಾಲು ಮುಟ್ಟಿದರು. ಫೈಜಲ್ ಮುಸುಕು ತೆಗೆಯಲಿಲ್ಲ.

ಇಂಟರ್‌ನೆಟ್ಟಿನಲ್ಲಿ ಇಂಥ ತೊಂದರೆಗಳನ್ನು ಬರೆದು ಕೇಳುವ ಜಾಗಗಳಿದ್ದವು. ಸನಾ ತನಗೆ ಬಂದ ಇಂಗ್ಲಿಷಿನಲ್ಲಿ ಬರೆದಳು. ಎಲ್ಲಿಯದೋ ದೇಶದವನೊಬ್ಬ, ಹೊಸ ಕಾರ್ಡ್ ಕೊಳ್ಳಿ ಎಂದು ಬರೆದ. ಇನ್ನೊಬ್ಬ ನನಗೂ ಹೀಗೇ ಆಗಿದೆ ಎಂದಷ್ಟೇ ಬರೆದು ಹೋದ. ಮೂರನೆಯವರು ಬರಲಿಲ್ಲ. ಅವಳು ಕ್ಲಾಸಿನಿಂದ ಬಂದು ಬುರ್ಖಾ ತೆಗೆಯುವ ಮೊದಲೇ ಹೋಗಿ ಆ ಪುಟ ನೋಡುತ್ತಿದ್ದಳು. ಫೈಜಲ್ ಅವಳ ಹಿಂದೆ ನಿಂತು ಓದಿ ಹೋಗುತ್ತಿದ್ದ. ದಿನ ಕಳೆದಂತೆ ಅವನು ಹಿಂದೆ ಬಂದು ನಿಲ್ಲುವುದನ್ನೂ ಬಿಟ್ಟ.

ಒಂದು ಭಾನುವಾರ ಅವಳು ಸಿಪಿಯುವನ್ನು ಚಾದರದಲ್ಲಿ ಸುತ್ತಿಕೊಂಡು ಸಿರ್ಸಿ ಬಸ್ ಹತ್ತಿದಳು. ಕಂಡಕ್ಟರ್ ಮೇಲೆ ಹಾಕಿ ಎಂದ. ಅವಳು ಒಪ್ಪದೆ ಮಂಚಿಕೇರಿಯ ತಿರುವುಗಳುದ್ದಕ್ಕೂ ಅದನ್ನು ತೊಡೆಯ ಮೇಲೆಯೇ ಹಿಡಿದು ಕೂತಳು. ಇಳಿಯುವಾಗ ಕಾಲು ಜೋಮು ಹಿಡಿದಿತ್ತು. ರಜೆಯಾದರೂ ತುಷಾರ ಅಂಗಡಿ ತೆರೆದು ಕಾದಿದ್ದ. ಸುಮಾರು ಮೂವತ್ತೈದರ ಗಂಡಸು. ಕಾರ್ಡನ್ನು ಬಿಚ್ಚಿ, ಬ್ರಶ್ಶಿನಿಂದ ಧೂಳು ತೆಗೆದು, ಬೇರೆ ಮಾನಿಟರಿಗೆ ಹಾಕಿ ನೋಡಿದ. ಮೊದಲು ಹಾಕಿದ್ದನ್ನೆಲ್ಲ ಬುಡಸಮೇತ ಅಳಿಸಿ, ತನ್ನಲ್ಲಿದ್ದ ಸಿಡಿಯಿಂದ ಅದೇ ಹೊಸ ಡ್ರೈವರನ್ನು ಹಾಕಿದ. ಆಟ ತೆರೆದ. ಎಡಮೂಲೆಯಲ್ಲಿ ಪೆಟ್ಟಿಗೆ ಏನೂ ಆಗಿಯೇ ಇಲ್ಲವೆಂಬಂತೆ ಬಂದು ಕೂತಿತು.

"ಕಾರ್ಡಿಗೆ ಎಂತದೂ ಆಗ್ಲಿಲ್ಲ ತಂಗಿ, ಗಟ್ಟಿ ಇದೆ. ಡ್ರೈವರ್ ಅರ್ಧ ಕೂತಿತ್ತು ಕಾಣ್ತದೆ" ಎಂದ.

ಮಿಕ್ಸಿಂಗ್ ತೆರೆದು ನೋಡಬೇಕಿತ್ತು, ಆದರೆ ಅದು ಮತ್ತೆ ವಿಘ್ನೇಶ್ವರರ ಸಿಡಿ ಕೇಳಿತು. ಸಿಡಿ ಸ್ಟುಡಿಯೋದಲ್ಲಿತ್ತು. ಮನೆಗೆ ಹೋಗಿ ಹಾಕಿಕೋ, ಇನ್ನು ತೊಂದರೆ ಬರಲಿಕ್ಕಿಲ್ಲ ಎಂದು ತುಷಾರ ಹೇಳಿದ. ಬಸ್ಸಿನಲ್ಲಿ ವಾಪಸು ಬರುವಾಗ ಸನಾಗೆ ತೊಡೆಯ ಮೇಲಿನ ಭಾರ ಗೊತ್ತಾಗಲಿಲ್ಲ. ಮನೆಯಲ್ಲಿ ಸ್ಟುಡಿಯೋದ ಸಿಡಿ ಹಾಕಿದಳು, ಮಿಕ್ಸಿಂಗ್ ತೆರೆಯಿತು, ಆಟ ತೆರೆದಳು. ಕಪ್ಪು ಚೌಕ ಮಿನುಗಿತು.

ಫೈಜಲ್ ಕುರ್ಚಿಯ ಬೆನ್ನು ಹಿಡಿದು ನಿಂತಿದ್ದ. ಅವಳು ತಿರುಗಿ ಏನಾದರೂ ಹೇಳಬೇಕಿತ್ತು. ಹೇಳಲು ಅವಳಲ್ಲಿ ಸನ್ನೆ ಇರಲಿಲ್ಲ. ಅವರಿಬ್ಬರಿಗೆ ದೊಡ್ಡ ಮಾತು ಆಡುವುದಿದ್ದರೆ ಕಂಪ್ಯೂಟರಿನ ನೋಟ್‌ಪ್ಯಾಡ್ ತೆರೆದು ಬರೆಯುವ ರೂಢಿ. ಅವಳು ತೆರೆದು, ನನಗೆ ಗೊತ್ತಾಗುತ್ತಿಲ್ಲ ಎಂದು ಬರೆದಳು. ಅವನು ಅದರ ಕೆಳಗೆ ಒಂದು ಸಾಲು ಬರೆದ.

"ಬಿಡು ಆಪಾ. ನೀನು ತುಂಬಾ ಮಾಡಿದೆ."

ಅವಳು ಅಡುಗೆ ಮನೆಗೆ ಹೋಗಿ ಅಮ್ಮಿಯ ಎದುರು ಅತ್ತಳು. ರಹಿಮತ್‌ಬಿಗೆ ಒಂದು ಆಟಕ್ಕೆ ಇಷ್ಟು ದುಃಖ ಏಕೆಂದು ಪೂರ್ತಿ ತಿಳಿಯಲಿಲ್ಲ. ಆದರೂ ಮಗಳ ತಲೆ ಸವರುತ್ತಾ, ಅವನ ಕಿವಿ ಹೋದಾಗಲೂ ಮಣಿಪಾಲದವರೆಗೆ ಹೋಗಿ ಹೀಗೇ ತಿರುಗಿ ಬಂದಿದ್ದೆವು ಎಂದಳು. ಅಲ್ಲಿಯ ಡಾಕ್ಟರೂ ಎಲ್ಲ ಸರಿಯಿದೆ, ಆದರೆ ಕೇಳುವುದಿಲ್ಲ ಎಂದಿದ್ದರಂತೆ.

ಕೆಲವು ವಾರ ಹೀಗೇ ಹೋಯಿತು. ಫೈಜಲ್ ಮದುವೆಗಳನ್ನು ಕತ್ತರಿಸಿ ಜೋಡಿಸಿದ. ಸಂಜೆ ಹೊರಗೆ ಹೋಗಿ ಹೆದ್ದಾರಿಯ ಬದಿ ಲಾರಿಗಳು ಹೋಗುವುದನ್ನು ನೋಡುತ್ತ ನಿಂತಿರುತ್ತಿದ್ದ. ಒಮ್ಮೆ ಹಿಂದಿನಿಂದ ಬಂದ ಟ್ರ್ಯಾಕ್ಟರಿನ ಹಾರ್ನು ಕೇಳದೆ ಪೆಟ್ಟಾಗುವುದರಲ್ಲಿತ್ತು ಎಂದು ಯಾರೋ ಮನೆಗೆ ಬಂದು ಬೈದು ಹೋದರು.

ವಜ್ರಳ್ಳಿಯಲ್ಲಿ ನೆಂಟರ ಮನೆಯ ಕಾರ್ಯಕ್ಕೆಂದು ಬಂದ ತುಷಾರ, ದಾರಿಯಲ್ಲಿ ಇವರ ಮನೆಗೂ ಬಂದ. ಕೆಲಸ ಆಗಲಿಲ್ಲವೆಂದು ಸನಾ ಫೋನಿನಲ್ಲಿ ಹೇಳಿದ್ದು ಅವನ ಮನಸ್ಸಿನಲ್ಲಿ ಉಳಿದಿತ್ತು. ಚಹಾ ಕುಡಿದು ಮಶೀನಿನ ಮುಂದೆ ಕೂತ. ತನ್ನ ಅಂಗಡಿಯಲ್ಲಿ ನಡೆದದ್ದು ಇಲ್ಲೇಕೆ ನಡೆಯುವುದಿಲ್ಲ ಎಂದು ಅವನಿಗೂ ಹೊಳೆಯಲಿಲ್ಲ. ಸನಾ ಮಾಡಿದ್ದನ್ನೆಲ್ಲ ಅವನೂ ಒಂದೊಂದಾಗಿ ಮಾಡಿದ. ಮಧ್ಯಾಹ್ನವಾಯಿತು. ಮೊಬೈಲಿಗೆ ಕರೆ ಬಂತು. "ಆನು ಬಪ್ಲೆ ತಡ ಆಗ್ತು, ನಿಂಗ ಊಟ ಮಾಡಿ" ಎಂದು ಹೆಂಡತಿಗೆ ಹವ್ಯಕ ಮಾತಿನಲ್ಲಿ ಹೇಳಿ ಇಟ್ಟ. ಸೋತು ಕುರ್ಚಿಗೆ ಒರಗಿದವನು ಪರದೆಯ ಬಲಮೂಲೆಯತ್ತ ನೋಡಿದ. ಅಲ್ಲಿ ಹಸಿರು ಬಣ್ಣದ ಸಣ್ಣದೊಂದು ಅಂಕಿ ಇತ್ತು.

"ಇದು ಎಂತದು?" ಎಂದು ಕೇಳಿದ.

ಕಾರ್ಡ್ ಎಷ್ಟು ಬಿಸಿಯಾಗಿದೆ ಎಂದು ತೋರಿಸುವ ಅಂಕಿ, ಸ್ಟುಡಿಯೋದ ಸಿಡಿ ಹಾಕಿದಾಗಿನಿಂದ ಇದೆ ಎಂದು ಸನಾ ಹೇಳಿದಳು. ತುಷಾರ ಎದ್ದು ಕೂತ. ಅದೂ ಒಂದು ಓವರ್‌ಲೇ. ಆ ಸಿಡಿ ಡ್ರೈವರಿನ ಜೊತೆಗೆ ಯಾರೂ ಕೇಳದ ಈ ಪ್ರೋಗ್ರಾಮನ್ನೂ ತಂದು ಕೂರಿಸಿತ್ತು, ಅಂಗಡಿಯ ಸಿಡಿಯಲ್ಲಿ ಇದು ಇರಲಿಲ್ಲ. ಒಂದೇ ಆಟದ ಚಿತ್ರದ ಮೇಲೆ ಎರಡು ಪ್ರೋಗ್ರಾಮುಗಳು ಬರೆಯಲು ಹೋಗಿ ಗುದ್ದಾಡಿಕೊಳ್ಳುತ್ತಿದ್ದವು. ಅವನು ಅಂಕಿಯ ಪ್ರೋಗ್ರಾಮನ್ನು ತೆಗೆದುಹಾಕಿ ಕಂಪ್ಯೂಟರನ್ನು ಮತ್ತೆ ಶುರು ಮಾಡಿದ. ಮಿಕ್ಸಿಂಗ್ ತೆರೆಯಿತು. ಆಟ ತೆರೆಯಿತು. ಎಡಮೂಲೆಯಲ್ಲಿ ಪೆಟ್ಟಿಗೆ ಬಂತು.

ಅಮ್ಮಿ ತುಷಾರನಿಗೆ ಒತ್ತಾಯ ಮಾಡಿ ಇನ್ನೊಂದು ಲೋಟ ಚಹಾ ಕೊಟ್ಟಳು. ಫೈಜಲ್ ಅವನ ಕೈ ಹಿಡಿದು ಬಿಡಲೇ ಇಲ್ಲ.

ಅವತ್ತು ಸಂಜೆ ಅಕ್ಕ ತಮ್ಮ ಇಬ್ಬರೂ ಪರದೆಯ ಮುಂದೆ ಕೂತರು. ಪೆಟ್ಟಿಗೆಯಲ್ಲಿ ನಾಲ್ಕೂ ಹೆಸರು ಹಸಿರಾಗಿದ್ದವು, ಅಂದರೆ ನಾಲ್ವರೂ ಅಲ್ಲಿದ್ದರು. ಫೈಜಲ್ ನಮಸ್ಕಾರ ಬರೆದ, ಬಂದೆ ಎಂದು ಬರೆದ, ಕಾರ್ಡಿನ ಕಥೆಯನ್ನು ಎರಡು ಸಾಲಿನಲ್ಲಿ ಬರೆದ. ಉತ್ತರ ಬರಲಿಲ್ಲ. ಆಟ ಶುರುವಾಯಿತು. ನಾಲ್ವರೂ ಒಟ್ಟಾಗಿ ಎಡಕ್ಕೆ ಓಡಿದರು, ಒಟ್ಟಾಗಿ ನಿಂತರು, ಒಟ್ಟಾಗಿ ತಿರುಗಿದರು. ಪೆಟ್ಟಿಗೆಯಲ್ಲಿ ಒಂದಕ್ಷರವೂ ಇಲ್ಲ. ಹಿಂದಿನಿಂದ ಬಂದವನೊಬ್ಬ ಫೈಜಲ್‌ನನ್ನು ಹೊಡೆದ. ಯಾರೂ ಎಚ್ಚರಿಸಿರಲಿಲ್ಲ.

ಅವರ ಹೆಸರುಗಳ ಪಕ್ಕ ಸಣ್ಣದೊಂದು ಚಿತ್ರ ಹತ್ತಿ ಆರುತ್ತಿದ್ದುದನ್ನು ಸನಾ ಆಗ ಗಮನಿಸಿದಳು. ಮೈಕಿನ ಚಿತ್ರ. ಹಾಡು ಕೇಳಲು ತಾನು ಇಟ್ಟುಕೊಂಡಿದ್ದ ಹೆಡ್‌ಫೋನನ್ನು ತಂದು ಸಿಕ್ಕಿಸಿ ಕಿವಿಗಿಟ್ಟುಕೊಂಡಳು.

ಅವರೆಲ್ಲ ಮಾತಾಡುತ್ತಿದ್ದರು. ಫೈಜಲ್ ಇಲ್ಲದ ವಾರಗಳಲ್ಲಿ ಆ ಪ್ರೋಗ್ರಾಮಿಗೆ ದನಿ ಬಂದಿತ್ತು. ಬೆರಳಿಗೆ ಕೆಲಸವಿಲ್ಲ, ಮೈಕಿನಲ್ಲಿ ಹೇಳಿದರಾಯಿತು. ನಾಲ್ಕು ಹುಡುಗರು ಮರಾಠಿ ಬೆರೆತ ಹಿಂದಿಯಲ್ಲಿ ನಗುತ್ತಿದ್ದರು, ಬೈದುಕೊಳ್ಳುತ್ತಿದ್ದರು. ಒಬ್ಬನ ಹಿಂದೆ ಕುಕ್ಕರಿನ ಸೀಟಿ ಕೇಳಿಸುತ್ತಿತ್ತು. ಯಲ್ಲಾಪುರದವನು ಬಂದಿದ್ದಾನಲ್ಲ, ಕರೆದರೂ ಏಕೆ ಓ ಅನ್ನುವುದಿಲ್ಲ ಎಂದು ಒಬ್ಬ ಕೇಳಿದ. ಇಷ್ಟು ದಿನ ಬಿಟ್ಟು ಬಂದು ಈಗ ಜಂಬ ತೋರಿಸುತ್ತಿದ್ದಾನೆ ಎಂದ ಇನ್ನೊಬ್ಬ.

ಫೈಜಲ್ ಅವಳ ಮುಖವನ್ನೇ ನೋಡುತ್ತಿದ್ದ. ಏನು ಎಂದು ಗದ್ದ ಎತ್ತಿ ಕೇಳಿದ. ಸನಾ ನೋಟ್‌ಪ್ಯಾಡ್ ತೆರೆದು, ಅವರು ಈಗ ಬರೆಯುವುದಿಲ್ಲ, ಮಾತಾಡುತ್ತಾರೆ, ನಿನ್ನನ್ನು ಕರೆಯುತ್ತಿದ್ದಾರೆ ಎಂದು ಬರೆದಳು. ಜಂಬದ ಮಾತನ್ನು ಬರೆಯಲಿಲ್ಲ. ನಾನು ಅವರಿಗೆ ವಿಷಯ ಹೇಳಲಾ ಎಂದು ಕೊನೆಗೆ ಸೇರಿಸಿದಳು.

ಅವನು ಅವಳ ಕೈಯನ್ನು ಕೀಲಿಮಣೆಯಿಂದ ಎತ್ತಿ ಪಕ್ಕಕ್ಕಿಟ್ಟ. ನೋವಾಗುವಷ್ಟು ಗಟ್ಟಿಯಾಗಿ ಹಿಡಿದಿದ್ದ. ಆಮೇಲೆ ಬರೆದ.

"ಬೇಡ. ಅಲ್ಲಿ ನಾನು ಕಿವುಡ ಅಲ್ಲ."

ಪೆಟ್ಟಿಗೆಗೆ ಹೋಗಿ, ನನ್ನ ಮೈಕ್ ಕೆಟ್ಟಿದೆ ಎಂದು ಬರೆದ. ಈ ಸಲ ಉತ್ತರ ಬಂತು. ನಾಗಪುರದವನು ಬೇಸರವಿಲ್ಲದೆ ಮೈಕ್ ಸರಿ ಮಾಡುವ ಬಗೆಯನ್ನು ಬರೆದು ಕಳಿಸಿದ. ತಂತಿ ಗುಲಾಬಿ ಬಣ್ಣದ ತೂತಿಗೆ ಹೋಗಿದೆಯಾ ನೋಡು, ದನಿಯ ಗುಂಡಿಯನ್ನು ಮೇಲೆ ಮಾಡು, ಸೌಂಡ್ ಕಾರ್ಡಿನ ಡ್ರೈವರ್ ತೆಗೆದು ಮತ್ತೆ ಹಾಕು. ಆಗದಿದ್ದರೆ ಹೇಳು, ಬೇರೆ ಉಪಾಯ ಇದೆ. ಫೈಜಲ್ ನೋಡುತ್ತೇನೆ ಎಂದು ಬರೆದ.

ಆಮೇಲಿನ ಕೆಲವು ಸಂಜೆ ಸನಾ ಹೆಡ್‌ಫೋನ್ ಹಾಕಿಕೊಂಡು ಅವನ ಪಕ್ಕ ಕೂತಳು. ಎಡಕ್ಕೆ ಎಂದು ಕೇಳಿದರೆ ಅವನ ಎಡಭುಜ ತಟ್ಟುವುದು, ಬಲಕ್ಕೆ ಎಂದರೆ ಬಲಭುಜ, ಹಿಂದೆ ಎಂದರೆ ಬೆನ್ನು. ಇದು ಅವಳದೇ ಉಪಾಯ. ಒಂದೆರಡು ಆಟ ಗೆದ್ದರು ಕೂಡ. ಆದರೆ ಆಟದ ನಡುವೆ ಅವರು ಆಡುವ ಮಾತನ್ನು ಯಾವ ಭುಜಕ್ಕೆ ತಟ್ಟುವುದು? ನಾಲ್ವರೂ ಒಟ್ಟಿಗೆ ನಕ್ಕಾಗ ಅವಳು ನೋಟ್‌ಪ್ಯಾಡಿನಲ್ಲಿ ಬರೆಯಲು ಹೋಗುತ್ತಿದ್ದಳು. ಬರೆದು ಮುಗಿಯುವಷ್ಟರಲ್ಲಿ ಅವರು ಬೇರೆ ಮಾತಿಗೆ ಹೋಗಿರುತ್ತಿದ್ದರು. ಫೈಜಲ್ ಅದಕ್ಕೆ ಉತ್ತರವೆಂದು ಪೆಟ್ಟಿಗೆಯಲ್ಲಿ ಬರೆದ ಹಾಸ್ಯಕ್ಕೆ ಯಾರೂ ನಗುತ್ತಿರಲಿಲ್ಲ, ಓದುತ್ತಲೂ ಇರಲಿಲ್ಲ. ಅವರು ಅದನ್ನು ದಾಟಿ ಬೇರೇನೋ ಮಾತಾಡುವುದು ಅವಳಿಗೊಬ್ಬಳಿಗೇ ಕೇಳಿಸುತ್ತಿತ್ತು, ಕೇಳಿಸದಿದ್ದರೇ ಚೆನ್ನಾಗಿತ್ತು ಅನಿಸುತ್ತಿತ್ತು. ಕ್ಲಾಸಿನಲ್ಲಿ ಪರೀಕ್ಷೆ ಹತ್ತಿರ ಬಂದು ಅವಳು ತಡವಾಗಿ ಬರತೊಡಗಿದ ಮೇಲೆ ಈ ಭುಜ ತಟ್ಟುವುದೂ ನಿಂತಿತು.

ಗುಂಪಿಗೆ ಫೈಜಲ್‌ನ ಬದಲು ಮೈಕ್ ಇದ್ದ ಇನ್ನೊಬ್ಬನನ್ನು ಸೇರಿಸಿಕೊಂಡದ್ದನ್ನು ನಾಗಪುರದವನೇ ಬರೆದು ತಿಳಿಸಿದ. ತಪ್ಪು ತಿಳಿಯಬೇಡ ತಮ್ಮಾ, ಸ್ಪರ್ಧೆ ಇದೆ, ಮಾತಿಲ್ಲದೆ ಆಡಲು ಆಗುವುದಿಲ್ಲ, ಮೈಕ್ ಸರಿಯಾದ ದಿನ ಬಾ ಎಂದು ವಿನಯವಾಗಿಯೇ ಬರೆದಿದ್ದ. ಸನಾ ಕ್ಲಾಸಿನಿಂದ ಬಂದಾಗ ಆ ಸಾಲುಗಳು ಪರದೆಯ ಮೇಲೆ ಹಾಗೇ ಇದ್ದವು. ಕೆಳಗೆ ಫೈಜಲ್ ಸರಿ ಎಂದು ಬರೆದಿದ್ದ. ಅವನು ಊಟಕ್ಕೆ ಕೂತಿದ್ದ. ರಹಿಮತ್‌ಬಿ ಅವನ ತಟ್ಟೆಗೆ ಸಾರು ಬಡಿಸುತ್ತಾ ಮಗಳನ್ನು ನೋಡಿ, ಹುಡುಗ ಇವತ್ತು ಬೇಗ ಎದ್ದು ಬಂದ, ಕಂಪ್ಯೂಟರ್ ಮತ್ತೆ ಕೆಟ್ಟಿತೇ ಎಂದು ವಿಚಾರಿಸಿದಳು.

ಇಲ್ಲ ಅಮ್ಮೀ, ಸರಿಯಾಗಿದೆ ಎಂದಳು ಸನಾ.

ಸದ್ಯ ಎಂದು ಅಮ್ಮಿ ನಿಟ್ಟುಸಿರು ಬಿಟ್ಟು ಅವಳಿಗೂ ತಟ್ಟೆ ಇಟ್ಟಳು. ಫೈಜಲ್ ಇಬ್ಬರ ತುಟಿಗಳನ್ನೂ ನೋಡುತ್ತಿದ್ದ. ಅವನಿಗೆ ಎಷ್ಟು ತಿಳಿಯಿತೋ, ಉಪ್ಪಿನಕಾಯಿಯ ಭರಣಿಯನ್ನು ಅಕ್ಕನ ಕಡೆ ಸರಿಸಿ ಊಟ ಮುಂದುವರಿಸಿದ.